ನಗೆಯ ಬೆಲೆ ತೆರುವವರು ಯಾರು?

ಹಾಸ್ಯವು ಮನುಷ್ಯನಿಗೆ ಸಹಜವಾದುದು. ಆದರೆ ಆ ನಗೆಗೆ ಬೆಲೆ ತೆರುವವರು ಯಾರು ಎಂಬ ಪ್ರಶ್ನೆಯನ್ನು ಬಿಟ್ಟು ಹಾಸ್ಯದ ಗುಣದೋಷಗಳನ್ನು ತೂಗಲಾಗದು. ‘ಬೆಕ್ಕಿಗೆ ಚೆಲ್ಲಾಟ, ಇಲಿಗೆ ಪ್ರಾಣಸಂಕಟ’ ಎಂಬ ಗಾದೆಯ ತಿರುಳೂ ಇದೇ ಆಗಿದೆ. ಈ ದೃಷ್ಟಿಯಿಂದ ಅಮೆರಿಕದ ಹಾಸ್ಯನಟ ಕೈಲ್ ಮೂನಿಯ ಕೃತಿಗಳು ವಿಚಾರಾರ್ಹವಾಗಿವೆ.

ದಕ್ಷಿಣ ಕ್ಯಾಲಿಫೋರ್ನಿಯ ವಿಶ್ವವಿದ್ಯಾನಿಲಯದಲ್ಲಿ ಪರಿಚಿತರಾದ ಮೂನಿ, ಬೆಕ್ ಬೆನೆಟ್, ನಿಕ್ ರುದರ್‌ಫೋರ್ಡ್ ಇವರೊಡನೆ ಮೂನಿಯ ಬಾಲ್ಯಸ್ನೇಹಿತ ಡೇವ್ ಮೆಕ್ಯಾರಿಯೂ ಸೇರಿ, 2007ರ ಸುಮಾರಿಗೆ ‘ಗುಡ್ ನೇಬರ್’, ಎಂದರೆ ‘ಒಳ್ಳೆಯ ನೆರೆಯವ’, ಎಂಬ ತಂಡವನ್ನು ಕಟ್ಟಿದರು. ಇವರ ಅಸಂಗತ ಕಿರುಚಿತ್ರಗಳು ಯೂಟ್ಯೂಬಿನ ಮೂಲಕ ಹೆಸರಾದವು. 2013ರಲ್ಲಿ ಮೂನಿ ಹಾಗೂ ಬೆನೆಟ್ ‘ಸ್ಯಾಟರ್‌ಡೇ ನೈಟ್ ಲೈವ್’ ಎಂಬ ದೂರದರ್ಶನ ಕಾರ್ಯಕ್ರಮದ ನಟವರ್ಗವನ್ನು ಸೇರಿದರು. ಮೂನಿ 2022ರವರೆಗೆ ಅಲ್ಲಿದ್ದನು.

ಇವುಗಳಲ್ಲಿ ವಿಶೇಷವಾದವು ಮೂನಿಯ ಸಂದರ್ಶನಗಳು. ಕೈಯಲ್ಲಿ ಮೈಕು ಹಿಡಿದು ಜನಸಂದಣಿಯ ನಡುವೆ ನಿಲ್ಲುವ ಈತ ಅಪರಿಚಿತರನ್ನು ಪ್ರಶ್ನಿಸಲು ಹೊರಡುತ್ತಾನೆ. ಆದರೆ ಆರಂಭಿಸಿದ ಪ್ರಶ್ನೆ ಮುಗಿಯುವುದಿಲ್ಲ. ಮಾತು ತೊದಲುತ್ತದೆ, ಅರ್ಥ ಜಾರಿಹೋಗುತ್ತದೆ, ನಡುವೆ ಮೌನ ಕವಿಯುತ್ತದೆ. ಎದುರಿನವರು ಕೆಲವೊಮ್ಮೆ ಕಕ್ಕಾಬಿಕ್ಕಿಯಾಗುತ್ತಾರೆ, ಕೆಲವೊಮ್ಮೆ ಅವನ ಮಾತಿಗೆ ಅರ್ಥ ಹುಡುಕಿ ಉತ್ತರಿಸಲು ಯತ್ನಿಸುತ್ತಾರೆ. 2006ರ ‘ಬೋರಾಟ್’ ಚಿತ್ರದಲ್ಲಿ ಸಾಷಾ ಬ್ಯಾರನ್ ಕೋಹೆನ್ ಅಪರಿಚಿತರ ಅಜ್ಞಾನ, ಪೂರ್ವಗ್ರಹಗಳನ್ನು ಬಯಲಿಗೆಳೆದು ನಗಿಸಿದನು. ಮೂನಿಯಾದರೋ ತನ್ನನ್ನೇ ನಗೆಪಾಟಲಿಗೆ ಈಡುಮಾಡಿಕೊಳ್ಳುತ್ತಾನೆ. ಇದು ಅವನ ಹಾಸ್ಯದ ಹಿರಿಮೆ.

ಆದರೂ ಈ ಹಾಸ್ಯವು ಸರ್ವಥಾ ನಿರ್ದೋಷವೆನ್ನಲಾಗದು. ಎದುರಿನವನ ತೊದಲು ನಟನೆಯೆಂಬುದನ್ನರಿಯದೆ ಉತ್ತರಿಸುವವನ ಸೌಜನ್ಯವು ಇಲ್ಲಿ ಪರರ ವಿನೋದದ ಸಾಮಗ್ರಿಯಾಗುತ್ತದೆ. ಮೇಲಾಗಿ, ಮಾತು ತಡವರಿಸುವುದು ಎಷ್ಟೋ ಜನರಿಗೆ ವೇಷವಲ್ಲ, ನಿತ್ಯದ ಸಂಕಟ. ಮೂನಿ ಈ ತೊದಲನ್ನು ಕಳಚಿಟ್ಟು ಮನೆಗೆ ಹೋಗಬಲ್ಲನು, ಅವರು ಹೋಗಲಾರರು.

ಈ ಆಕ್ಷೇಪಕ್ಕೆ ಸಮಾಧಾನವೆಂಬಂತಿರುವುದು 2017ರ ‘ಬ್ರಿಗ್ಸ್‌ಬಿ ಬೇರ್’ ಚಲನಚಿತ್ರ. ಕೆವಿನ್ ಕಾಸ್ಟೆಲೊನೊಡನೆ ಚಿತ್ರಕಥೆ ಬರೆದವನೂ ನಾಯಕನಾಗಿ ನಟಿಸಿದವನೂ ಮೂನಿಯೇ, ನಿರ್ದೇಶಕ ಮೆಕ್ಯಾರಿ. ಶೈಶವದಲ್ಲಿಯೇ ಅಪಹೃತನಾಗಿ ನೆಲಮಾಳಿಗೆಯ ಮನೆಯಲ್ಲಿ ಬೆಳೆದ ಜೇಮ್ಸ್‌ಗೆ, ಅಪಹರಿಸಿದವನು ಅವನೊಬ್ಬನಿಗಾಗಿಯೇ ತಯಾರಿಸಿದ ಕರಡಿಯ ಕಥಾಮಾಲಿಕೆಯೇ ಜಗತ್ತು. ಬಿಡುಗಡೆಯಾದ ಮೇಲೆ ಅವನ ನಡೆನುಡಿಯೆಲ್ಲ ಜನರಿಗೆ ವಿಚಿತ್ರ. ಅದನ್ನು ಗೇಲಿಮಾಡಿ ನಗಿಸುವುದು ಸುಲಭವಿತ್ತು. ಚಿತ್ರವು ಆ ಹಾದಿ ಹಿಡಿಯದು. ಅರ್ಧಕ್ಕೆ ನಿಂತ ಕಥೆಯನ್ನು ಜೇಮ್ಸ್ ಪೂರ್ಣಗೊಳಿಸಲು ಹೊರಟಾಗ ಗೆಳೆಯರೂ ಮನೆಯವರೂ ಕೈಜೋಡಿಸುತ್ತಾರೆ. ಪ್ರಕರಣದ ಪತ್ತೇದಾರನೂ ಅದರಲ್ಲೊಂದು ಪಾತ್ರ ವಹಿಸುತ್ತಾನೆ. ಬೀದಿಯ ಸಂದರ್ಶನದಲ್ಲಿ ಅರಿಯದೆ ಸಿಲುಕಿದ ಅಪರಿಚಿತನ ಸ್ಥಾನದಲ್ಲಿ ಇಲ್ಲಿ ಅರಿತು ಜೊತೆಗೂಡಿದ ಸಹೃದಯರಿದ್ದಾರೆ. ತಂಡದ ಹೆಸರು ಸಾರ್ಥಕವಾಗುವುದು ಇಲ್ಲಿಯೇ.

ಇಂದು ಮನೆಯ ಮಕ್ಕಳ ಕೈಯಲ್ಲಿಯೂ ಚಿತ್ರೀಕರಿಸುವ ಸಾಧನವಿದೆ. ಅಜ್ಜನ ಮರೆವು, ಕೆಲಸದವಳ ಗಾಬರಿ, ಸಹಪಾಠಿಯ ತೊದಲು ಕ್ಷಣಾರ್ಧದಲ್ಲಿ ಊರಿನ ನಗೆಯಾಗಬಲ್ಲವು. ನಗಬಾರದೆಂದು ಮಕ್ಕಳನ್ನು ತಡೆಯುವುದು ಸಲ್ಲದು, ಸಾಧ್ಯವೂ ಅಲ್ಲ. ಆದರೆ ಚಿತ್ರದಲ್ಲಿರುವವನು ತಾನೂ ಅದನ್ನು ನೋಡಿ ಕೂಡಿ ನಗಬಲ್ಲನೇ ಎಂದು ಒಮ್ಮೆ ಕೇಳಿಕೊಳ್ಳುವುದನ್ನು ಕಲಿಸಬಹುದು. ನಗಲಾರನೆಂದಾದರೆ, ಆ ಚಿತ್ರವನ್ನು ಅಳಿಸಿಹಾಕುವುದೇ ವಿವೇಕ.