ಮರುಪ್ರಶ್ನೆಯ ಬಲ

ಯಕ್ಷಗಾನ ತಾಳಮದ್ದಳೆಯಲ್ಲಿ ವೇಷವಿಲ್ಲ, ಕುಣಿತವಿಲ್ಲ. ಕೃಷ್ಣ, ಕರ್ಣರ ಪಾತ್ರದ ಅರ್ಥಧಾರಿಗಳು ಎದುರುಬದುರು ಕೂತು ತಾಸುಗಟ್ಟಲೆ ಅರ್ಥ ಹೇಳುತ್ತಾರೆ. ಉತ್ತರ ಕನ್ನಡದ ಹಿರೇಗುತ್ತಿಯಿಂದ ಭಟ್ಕಳದವರೆಗಿನ ನಮ್ಮ ಜನ ಅಲುಗದೆ ಕೇಳುತ್ತಾರೆ. ಹಾಗಿರುವಾಗ ಒಂದು ತಾಸಿನ ಸಂದರ್ಶನವನ್ನು ಯಾರು ನೋಡುತ್ತಾರೆ ಎಂಬ ಟಿವಿಯವರ ಮಾತನ್ನು ನಾನು ಒಪ್ಪಲಾರೆ. ಬೇಸರ ಬರುವುದು ಮಾತು ಉದ್ದವಾದದ್ದಕ್ಕಲ್ಲ, ಎದುರಾಳಿ ಇಲ್ಲದ್ದಕ್ಕೆ. ಶೇಣಿ ಗೋಪಾಲಕೃಷ್ಣ ಭಟ್ಟರಂಥ ಅರ್ಥಧಾರಿಯ ಮಾತು ಏರಬೇಕಾದರೂ ಎದುರಿಗಿದ್ದವರು ಪ್ರಸಂಗ ಬಲ್ಲವರಾಗಿರಬೇಕಿತ್ತು, ಆಡಿದ ಮಾತನ್ನೇ ಹಿಡಿದು ಮರುಪ್ರಶ್ನೆ ಹಾಕಬೇಕಿತ್ತು.

ಕನ್ನಡ ಟಿವಿಗೆ ಇದು ಗೊತ್ತಿಲ್ಲದ್ದೇನಲ್ಲ. ಹಿರೇಗುತ್ತಿಯ ನೆರೆಯ ಗೋಕರ್ಣದ ಜಯಂತ ಕಾಯ್ಕಿಣಿ ಈಟಿವಿ ಕನ್ನಡದ 'ನಮಸ್ಕಾರ'ದಲ್ಲಿ ಕತೆಗಾರನ ಕಿವಿಯನ್ನು ಸಂದರ್ಶನಕ್ಕೆ ತಂದರು. ಕುವೆಂಪು, ಕಾರಂತ, ಬೇಂದ್ರೆ, ರಾಜ್‌ಕುಮಾರ್ ಕುರಿತ ಸರಣಿಗಳನ್ನೂ ಕಟ್ಟಿಕೊಟ್ಟರು. ಕೇಳುವವನಿಗೆ ಎದುರಿನವರ ಬದುಕು-ಬರಹ ಮೊದಲೇ ಮೈಗೂಡಿದ್ದರೆ ಮಾತಿಗೆ ಬರುವ ಸಲಿಗೆಯೇ ಬೇರೆ. 2014ರಲ್ಲಿ ಜೀ ಕನ್ನಡದಲ್ಲಿ ಶುರುವಾದ 'ವೀಕೆಂಡ್ ವಿತ್ ರಮೇಶ್', ಸಾಧಕರನ್ನು ಕುರ್ಚಿಯಲ್ಲಿ ಕೂರಿಸಿ ಅವರ ಬದುಕಿನ ಕತೆ ಹೇಳಿಸುವ ಕಾರ್ಯಕ್ರಮ. ಅದಕ್ಕೆ ಸಮಯ ಬೇಕಾದಷ್ಟಿತ್ತು, ನೋಡುವವರೂ ಇದ್ದರು, ಮರುಪ್ರಶ್ನೆ ಮಾತ್ರ ಇರಲಿಲ್ಲ. ಅದು ಸನ್ಮಾನದ ಕಾರ್ಯಕ್ರಮ, ಅಲ್ಲಿ ಪಾಟೀಸವಾಲು ಬಯಸುವುದು ಸಲ್ಲದು ಎನ್ನಬಹುದು. ನಟರ ಮಟ್ಟಿಗೆ ನಿಜ. ಆದರೆ 2017ರಲ್ಲಿ ಆ ಕುರ್ಚಿಯಲ್ಲಿ ಸಿದ್ದರಾಮಯ್ಯ ಕೂತದ್ದು ಮುಖ್ಯಮಂತ್ರಿಯಾಗಿದ್ದಾಗ. ಅಧಿಕಾರದಲ್ಲಿರುವವರ ಬಾಲ್ಯದ ಬಡತನ ಕೇಳಿ ಕಣ್ಣು ಒದ್ದೆಯಾಗುವುದು ಸಹಜವೇ. ಆಡಳಿತದ ಬಗ್ಗೆ ಕೇಳಬೇಕಾದದ್ದು ಆಗಲೂ ಬಾಕಿ ಉಳಿದಿರುತ್ತದೆ.

ರಾಜಕಾರಣಿಗೆ ಹೆಚ್ಚು ಹೊತ್ತು ಕೊಟ್ಟರೆ ಹೆಚ್ಚು ಪ್ರಚಾರವಾಗುತ್ತದಲ್ಲ ಎಂಬ ಆಕ್ಷೇಪ ಇದಕ್ಕಿಂತ ಗಟ್ಟಿಯಾದದ್ದು. 1977ರಲ್ಲಿ ಬ್ರಿಟಿಷ್ ಟಿವಿ ಸಂದರ್ಶಕ ಡೇವಿಡ್ ಫ್ರಾಸ್ಟ್ ಅಮೆರಿಕದ ಮಾಜಿ ಅಧ್ಯಕ್ಷ ನಿಕ್ಸನ್ ಅವರಿಗೆ 6 ಲಕ್ಷ ಡಾಲರ್ ಕೊಡಲು ಒಪ್ಪಿ ಕೂರಿಸಿದಾಗಲೂ ಜನ ಇದನ್ನೇ ಹೇಳಿದ್ದರು. ಚಿತ್ರೀಕರಣ 28 ತಾಸಿಗೂ ಮೀರಿ ನಡೆಯಿತು, ಮೊದಮೊದಲು ನಿಕ್ಸನ್ ಅವರೇ ಮಾತನ್ನು ಎಳೆದಾಡಿದರು. ಆದರೆ ಫ್ರಾಸ್ಟ್ ತಂಡದವರು ನ್ಯಾಯಾಲಯದ ಕಡತ ಜಾಲಾಡಿ, ಅದುವರೆಗೆ ಯಾರೂ ಗಮನಿಸದಿದ್ದ ಸಂಭಾಷಣೆಯೊಂದರ ಬರಹರೂಪವನ್ನು ಹೆಕ್ಕಿ ತಂದಿದ್ದರು. ನಿಕ್ಸನ್ ಅವರ ಪದವಿ ಕಳೆದ ವಾಟರ್‌ಗೇಟ್ ಹಗರಣದ ವಿಷಯ ಬಂದಾಗ ಮರುಪ್ರಶ್ನೆಗೆ ಆ ಬಲವಿತ್ತು. ದೇಶದ ಜನರಿಗೆ ತಾನು ನಿರಾಸೆ ಮಾಡಿದೆನೆಂದು ನಿಕ್ಸನ್ ಕೊನೆಗೂ ಬಾಯಿಬಿಟ್ಟರು. ಒಂದೂವರೆ ತಾಸಿನ ಆ ಕಂತನ್ನು ಕೂತು ನೋಡಿದವರು ಸುಮಾರು 4.5 ಕೋಟಿ ಜನ.