ಹಂಗಿನ ಲೆಕ್ಕ: ‘ಫಣಿಯಮ್ಮ’ ಕಾದಂಬರಿಯಲ್ಲಿ ಒಂಟಿ ಹೆಣ್ಣಿನ ಸ್ವಾತಂತ್ರ್ಯದ ಸ್ವರೂಪ

ಕನ್ನಡ ಸಾಹಿತ್ಯ ಪರಂಪರೆಯಲ್ಲಿ ಒಂಟಿಯಾಗಿ ಬದುಕನ್ನು ಎದುರಿಸಿದ ಹೆಣ್ಣಿನ ಚಿತ್ರಗಳು ವಿರಳವೇನಲ್ಲ. ಹನ್ನೆರಡನೆಯ ಶತಮಾನದ ಅಕ್ಕಮಹಾದೇವಿ ಅರಮನೆಯನ್ನೂ ಲೋಕದ ಲಜ್ಜೆಯನ್ನೂ ತೊರೆದು ಹೊರಟವಳು. 1899ರಲ್ಲಿ ಪ್ರಕಟವಾದ ಗುಲ್ವಾಡಿ ವೆಂಕಟರಾಯರ ‘ಇಂದಿರಾಬಾಯಿ’ಯ ನಾಯಕಿ ಕೇಶಮುಂಡನದ ಭೀತಿಯಿಂದ ಮನೆಬಿಟ್ಟು, ವಿದ್ಯೆ ಕಲಿತು, ಮರುಮದುವೆಯಾಗುತ್ತಾಳೆ. ಈ ಇಬ್ಬರಲ್ಲಿಯೂ ಸ್ವಾತಂತ್ರ್ಯವೆಂದರೆ ಹೊಸ್ತಿಲು ದಾಟುವ ಕ್ರಿಯೆ. 1976ರಲ್ಲಿ ಬಂದ ಎಂ. ಕೆ. ಇಂದಿರಾ ಅವರ ‘ಫಣಿಯಮ್ಮ’ ಕಾದಂಬರಿಯ ನಾಯಕಿಯಾದರೋ ಹೊಸ್ತಿಲು ದಾಟಿ ಹೋಗುವುದಿಲ್ಲ. ನೂರಹನ್ನೆರಡು ವರ್ಷಗಳ ತನ್ನ ಆಯುಷ್ಯದ ಬಹುಭಾಗವನ್ನು ಆಕೆ ಕಳೆಯುವುದು ಮಲೆನಾಡಿನ ಹೆಬ್ಬಲಿಗೆಯ ಜನಭರಿತವಾದ ತವರುಮನೆಯಲ್ಲಿ, ಬಂಧುಬಳಗದ ನಡುವೆ. ಹೀಗಿರುವಾಗ ಆಕೆಯನ್ನು ಸ್ವತಂತ್ರಳೆಂದು ಕರೆಯುವುದು ಯಾವ ಅರ್ಥದಲ್ಲಿ ಸಾಧ್ಯ ಎಂಬ ಪ್ರಶ್ನೆ ಏಳುತ್ತದೆ.

ಈ ಕೃತಿಯನ್ನು ಓದುವ ಎರಡು ರೂಢಿಗಳು ಕಂಡುಬರುತ್ತವೆ. ಒಂದು, ಫಣಿಯಮ್ಮನನ್ನು ಸಹನೆಯ ಮೂರ್ತಿಯಾಗಿ, ಸಂಸಾರದೊಳಗಿನ ತಪಸ್ವಿನಿಯಾಗಿ ಕಾಣುವುದು. ಇನ್ನೊಂದು, ಪಿತೃಪ್ರಧಾನ ವ್ಯವಸ್ಥೆಗೆ ಮೌನವಾಗಿ ಶರಣಾದ ಬಲಿಪಶುವಾಗಿ ಕಾಣುವುದು. ಎರಡಕ್ಕೂ ಕಾದಂಬರಿಯಲ್ಲಿ ಆಧಾರಗಳಿವೆ. ಆದರೆ ಎರಡೂ ಆಕೆಯ ಮನಸ್ಸನ್ನಷ್ಟೇ ನೋಡುತ್ತವೆ, ಆಕೆಯ ಕೈಗಳನ್ನು ನೋಡುವುದಿಲ್ಲ. ಕನ್ನಡದಲ್ಲಿ ‘ಸ್ವಾತಂತ್ರ್ಯ’ ಎಂಬ ಸಂಸ್ಕೃತ ಪದಕ್ಕಿಂತ ಹತ್ತಿರದ್ದಾದ ಮಾತೊಂದಿದೆ: ‘ಹಂಗು’. ಹಂಗಿನ ಅನ್ನ, ಹಂಗಿನರಮನೆ ಎಂದು ಜನ ಆಡುವಲ್ಲಿ, ಪಡೆದದ್ದರಿಂದ ತಲೆ ತಗ್ಗಿಸಬೇಕಾಗಿ ಬರುವ ಸ್ಥಿತಿ ಸೂಚಿತವಾಗುತ್ತದೆ. ಫಣಿಯಮ್ಮನ ಬದುಕು ಈ ಹಂಗಿನೊಡನೆ ನಡೆದ ದೀರ್ಘವಾದ ಲೆಕ್ಕಾಚಾರವೆಂದು ಓದಿದಾಗ ಕಾದಂಬರಿಯ ಅನೇಕ ವಿವರಗಳು ಬೇರೆಯೇ ಬೆಳಕಿನಲ್ಲಿ ಕಾಣತೊಡಗುತ್ತವೆ.

ಒಂಬತ್ತನೆಯ ವಯಸ್ಸಿಗೆ ಮದುವೆ. ಅದರ ಸಂಭ್ರಮ ಆರುವ ಮುನ್ನವೇ ಹುಡುಗ ಗಂಡನ ಸಾವು. ಸಾವಿಗೆ ಕಾರಣ ಹಾವು. ಫಣಿಯೆಂದರೂ ಹಾವೇ, ಹೆಸರಿನ ಈ ಕ್ರೂರ ವ್ಯಂಗ್ಯ ಓದುಗರ ಗಮನಕ್ಕೆ ಬಾರದೆ ಇರದು. ಮೈನೆರೆದ ಮೇಲೆ ಕೇಶಮುಂಡನ, ಕೆಂಪು ಸೀರೆ, ಒಪ್ಪೊತ್ತಿನ ಊಟ, ಮಡಿ. ಇವೆಲ್ಲ ವಿಧವೆಗೆ ವಿಧಿಸಿದ ಶಿಕ್ಷೆಗಳು. ಆಕೆಯ ಆರ್ಥಿಕ ನೆಲೆಯೂ ಅತಂತ್ರವಾದದ್ದು. ಅಂದಿನ ಮಿತಾಕ್ಷರ ನ್ಯಾಯದಂತೆ ಅವಿಭಕ್ತ ಕುಟುಂಬದ ವಿಧವೆಗೆ ಇದ್ದದ್ದು ಜೀವನಾಂಶದ ಹಕ್ಕು ಮಾತ್ರ. ಅದೂ ಗಂಡನ ಮನೆಯಲ್ಲಿ. ತವರಿಗೆ ಮರಳಿದ ಹೆಣ್ಣು ಉಣ್ಣುತ್ತಿದ್ದದ್ದು ಹಕ್ಕಿನ ಅನ್ನವನ್ನಲ್ಲ, ಅಕ್ಕರೆಯ ಅನ್ನವನ್ನು. ತಂದೆತಾಯಿ ಇರುವವರೆಗೆ ಅಕ್ಕರೆ. ಆಮೇಲೆ ಅದು ಅಣ್ಣತಮ್ಮಂದಿರ, ಅವರ ಹೆಂಡಿರ, ಮಕ್ಕಳ ಮರ್ಜಿ. ಮೈಸೂರು ಸಂಸ್ಥಾನ ಹಿಂದೂ ಸ್ತ್ರೀಯರ ಆಸ್ತಿ ಹಕ್ಕುಗಳ ಕಾಯಿದೆಯನ್ನು ತಂದದ್ದು 1933ರಲ್ಲಿ. ಕಾದಂಬರಿಯ ಕಾಲಗಣನೆಯಂತೆ 1840ರ ಸುಮಾರಿಗೆ ಹುಟ್ಟಿ 1952ರಲ್ಲಿ ತೀರಿಕೊಂಡ ಫಣಿಯಮ್ಮನಿಗೆ ಆಗ ತೊಂಬತ್ತು ದಾಟಿತ್ತು.

ಇಂಥ ಸ್ಥಿತಿಯಲ್ಲಿರುವ ಹೆಣ್ಣು ತಲೆಯೆತ್ತಿ ಬದುಕಲು ಉಳಿದಿರುವ ದಾರಿ ಒಂದೇ: ಪಡೆಯುವುದನ್ನು ಕಡಮೆ ಮಾಡುವುದು, ಕೊಡುವುದನ್ನು ಹೆಚ್ಚಿಸುವುದು. ಫಣಿಯಮ್ಮ ಮಾಡುವುದು ಇದನ್ನೇ. ಶಿಕ್ಷೆಯಾಗಿ ಬಂದ ಒಪ್ಪೊತ್ತಿನ ಊಟ ಆಕೆಯ ಕೈಯಲ್ಲಿ ಮನೆಯ ಹಂಗನ್ನು ಕಡಿಮೆಗೊಳಿಸುವ ಉಪಾಯವಾಗಿ ಮಾರ್ಪಡುತ್ತದೆ. ಬೇಕುಗಳೇ ಇಲ್ಲದವಳನ್ನು ಯಾರೂ ಹಂಗಿಸಲಾರರು. ಇನ್ನೊಂದು ಕಡೆ ಅಡಿಗೆ, ಹೆರಿಗೆ, ಬಾಣಂತನಗಳಲ್ಲಿ ಆಕೆಯ ಕೈಗುಣ ಊರೂರಿಗೆ ಹಬ್ಬುತ್ತದೆ. ಹೆರಿಗೆಯ ಕಷ್ಟದಲ್ಲಿರುವ ಮನೆ ಫಣಿಯಮ್ಮನಿಗೆ ಹೇಳಿಕಳಿಸುತ್ತದೆ. ಅಮಂಗಳೆಯೆಂದು ಶುಭಕಾರ್ಯದ ಎದುರಿಗೆ ಬರಗೊಡದ ಹೆಣ್ಣಿನ ಕೈಗಳೇ ಮನೆತನದ ಕುಡಿಯನ್ನು ಮೊದಲು ಹಿಡಿಯುತ್ತವೆ. ಈ ವಿರೋಧಾಭಾಸವನ್ನು ಇಂದಿರಾ ಅವರು ಎಲ್ಲಿಯೂ ಎತ್ತಿ ಆಡುವುದಿಲ್ಲ; ಮನೆಮಾತಿನ ಸಲೀಸಿನಲ್ಲಿ ಹೇಳಿ ಮುಂದೆ ಸಾಗುತ್ತಾರೆ. ಕಾಲಕ್ರಮದಲ್ಲಿ ಹಂಗಿನ ದಿಕ್ಕು ತಿರುಗುತ್ತದೆ. ಮನೆಯೇ ಆಕೆಗೆ ಋಣಿಯಾಗುತ್ತದೆ.

ಒಂಟಿತನದ ಬಲವನ್ನು ಕುರಿತ ಮತ್ತೊಂದು ಮಹತ್ವದ ಕೃತಿಯಾದ ಶಿವರಾಮ ಕಾರಂತರ ‘ಮೂಕಜ್ಜಿಯ ಕನಸುಗಳು’ (1968) ಇಲ್ಲಿ ಸಹಜವಾಗಿಯೇ ನೆನಪಾಗುತ್ತದೆ. ಮೂಕಜ್ಜಿಯೂ ಬಾಲವಿಧವೆಯೇ. ಆದರೆ ಆಕೆಯ ಅಧಿಕಾರ ಒಳಗಣ್ಣಿನಿಂದ ಬಂದದ್ದು. ಆಕೆ ಮಾತಾಡಿದರೆ ದೇವರು, ಧರ್ಮ, ಕಾಮಗಳ ಚರಿತ್ರೆಯೇ ತೆರೆದುಕೊಳ್ಳುತ್ತದೆ, ಕೇಳಲು ಮೊಮ್ಮಗ ಸುಬ್ಬರಾಯನಿದ್ದಾನೆ. ಫಣಿಯಮ್ಮನಿಗೆ ದರ್ಶನವಿಲ್ಲ, ಇರುವುದು ಕಸುಬು. ಕಾರಂತರ ಅಜ್ಜಿಯ ವೈಚಾರಿಕ ಎತ್ತರ ಫಣಿಯಮ್ಮನಿಗಿಲ್ಲ ಎಂಬುದು ನಿಜ. ಆದರೆ ದಿನ ಬೆಳಗಾದರೆ ಒಂಟಿ ಹೆಣ್ಣು ಏನು ಮಾಡಿ ತನ್ನ ಸ್ಥಾನವನ್ನು ಉಳಿಸಿಕೊಳ್ಳುತ್ತಾಳೆ ಎಂಬ ಪ್ರಶ್ನೆಗೆ ‘ಫಣಿಯಮ್ಮ’ದಲ್ಲಿ ದೊರೆಯುವಷ್ಟು ಉತ್ತರ ಮೂಕಜ್ಜಿಯಲ್ಲಿ ದೊರೆಯದು.

ಇದೇ ಕಾಲಘಟ್ಟದಲ್ಲಿ ಬೇರೊಂದು ದಾರಿಯೂ ತೆರೆದಿತ್ತು. ನಂಜನಗೂಡಿನ ತಿರುಮಲಾಂಬಾ (1887–1982) ಅವರೂ ಬಾಲವಿಧವೆ. ‘ಸತೀಹಿತೈಷಿಣೀ’ ಗ್ರಂಥಮಾಲೆಯನ್ನು ಸ್ಥಾಪಿಸಿ, ‘ಕರ್ನಾಟಕ ನಂದಿನಿ’ ಪತ್ರಿಕೆಯನ್ನು ನಡೆಸಿ ಲೇಖಕಿಯಾಗಿ, ಪ್ರಕಾಶಕಿಯಾಗಿ, ಸಂಪಾದಕಿಯಾಗಿ ಅವರು ನಿಂತದ್ದು 1910ರ ದಶಕದಲ್ಲಿ. ಆಗ ಹೆಬ್ಬಲಿಗೆಯ ಫಣಿಯಮ್ಮ ಎಪ್ಪತ್ತರ ಆಚೀಚೆ ಇದ್ದವಳು. ಇಬ್ಬರ ನಡುವಿನ ಅಂತರ ಧೈರ್ಯದ್ದಲ್ಲ, ಅಕ್ಷರದ್ದು. ಓದು ಬಲ್ಲವಳ ದುಡಿಮೆಗೆ ಹೆಸರು ಬರುತ್ತದೆ, ಮುದ್ರಿತ ಗುರುತು ಉಳಿಯುತ್ತದೆ. ಬಾಣಂತನ ಮಾಡಿದವಳ ದುಡಿಮೆ ಉಳಿಯುವುದು ಹೆತ್ತವರ ನೆನಪಿನಲ್ಲಿ. ಫಣಿಯಮ್ಮನ ಕಥೆಯೂ ಹಾಗೆಯೇ ಉಳಿದದ್ದು: ಲೇಖಕಿಯ ತಾಯಿ ಅದನ್ನು ಫಣಿಯಮ್ಮನ ಬಾಯಿಂದ ಕೇಳಿದ್ದು, ತಾಯಿಯಿಂದ ಮಗಳು ಕೇಳಿದ್ದು. 1917ರಲ್ಲಿ ತೀರ್ಥಹಳ್ಳಿಯಲ್ಲಿ ಹುಟ್ಟಿ, ಶಾಲೆಯ ಓದು ಬೇಗ ಮುಗಿದು, ತಮ್ಮ ಮೊದಲ ಕಾದಂಬರಿ ‘ತುಂಗಭದ್ರಾ’ವನ್ನು 1963ರಲ್ಲಿ ನಲವತ್ತರ ಮಧ್ಯದಲ್ಲಿ ಪ್ರಕಟಿಸಿದ ಇಂದಿರಾ ಅವರು ಈ ಬಾಯಿಮಾತನ್ನು ಅಕ್ಷರಕ್ಕೆ ತರದೆ ಹೋಗಿದ್ದರೆ ಆ ನೂರಹನ್ನೆರಡು ವರ್ಷಗಳಿಗೆ ಬೇರೆ ಸಾಕ್ಷಿಯೇ ಇರುತ್ತಿರಲಿಲ್ಲ.

ಆದರೆ ಹಂಗಿನ ಲೆಕ್ಕದಲ್ಲಿ ಗೆದ್ದವಳು ತೆತ್ತದ್ದೇನು ಎಂಬುದನ್ನು ಮರೆಯಲಾಗದು. ಬೇಕುಗಳನ್ನು ಕಳೆದುಕೊಳ್ಳುವುದೆಂದರೆ ಮೈಯನ್ನೂ ಕಳೆದುಕೊಳ್ಳುವುದು. ನಿರೂಪಕಿಯ ಭಕ್ತಿ ಈ ನಷ್ಟವನ್ನು ಪಾವಿತ್ರ್ಯವೆಂದು ಕರೆಯಲು ಹವಣಿಸುತ್ತದೆ. ಕಾದಂಬರಿಯ ದುರ್ಬಲ ಭಾಗಗಳು ಇವೇ. ಫಣಿಯಮ್ಮನನ್ನು ಆದರ್ಶವೆಂದು ಪೂಜಿಸುವ ಓದು ಹುಟ್ಟುವುದೂ ಈ ದನಿಯಿಂದಲೇ. ಘಟನೆಗಳು ಮಾತ್ರ ನಿರೂಪಕಿಯ ಮಾತನ್ನು ಕೇಳುವುದಿಲ್ಲ. ಎಳೆಯ ವಿಧವೆ ದಾಕ್ಷಾಯಿಣಿ ತಲೆ ಬೋಳಿಸಿಕೊಳ್ಳಲು ನಿರಾಕರಿಸಿ ಹಟ ಹಿಡಿದು ನಿಂತಾಗ ಫಣಿಯಮ್ಮ ಯಾರ ಪಕ್ಷದಲ್ಲಿ ನಿಲ್ಲುತ್ತಾಳೆ ಎಂಬುದನ್ನು ಗಮನಿಸಬೇಕು. ತಾನು ಸಹಿಸಿದ್ದನ್ನು ಅವಳೂ ಸಹಿಸಲಿ ಎಂದು ಆಕೆ ಬಯಸುವುದಿಲ್ಲ. ಹುಡುಗಿಯ ತಲೆಗೂದಲನ್ನು ಉಳಿಸುವ ಪರವಾಗಿ ಮಾತಾಡುವುದು ಕೂದಲಿಲ್ಲದ ತಲೆ. ಮುಂದೆ ದಾಕ್ಷಾಯಿಣಿ ವಿಧವೆಯಾಗಿಯೇ ಗರ್ಭ ಧರಿಸಿದಾಗಲೂ ಅವಳ ಮೇಲೆ ಕಲ್ಲೆಸೆಯುವವರ ಸಾಲಿನಲ್ಲಿ ಫಣಿಯಮ್ಮ ಇಲ್ಲ. ತನ್ನ ಬದುಕು ಇನ್ನೊಬ್ಬರಿಗೆ ಮಾದರಿಯಾಗಬಾರದು ಎಂಬ ತೀರ್ಪನ್ನು ಆಕೆಯೇ ಹೀಗೆ ಕೊಟ್ಟಿದ್ದಾಳೆ. ಆಕೆಯನ್ನು ಆದರ್ಶವಾಗಿಸುವ ವಿಮರ್ಶೆ ಆ ತೀರ್ಪನ್ನು ಕಡೆಗಣಿಸಿದಂತೆಯೇ ಸರಿ.

ಆಕೆಯ ಸ್ವಾತಂತ್ರ್ಯ ಹಂಗಿನ ಲೆಕ್ಕವನ್ನೂ ಮೀರಿ ಹೋಗುವ ಪ್ರಸಂಗ ಇನ್ನೊಂದಿದೆ: ಅಸ್ಪೃಶ್ಯಳೆನಿಸಿದ ಹೆಣ್ಣೊಬ್ಬಳ ಹೆರಿಗೆ. ಪ್ರೇಮಾ ಕಾರಂತರು 1983ರಲ್ಲಿ ಈ ಕೃತಿಯನ್ನು ಚಲನಚಿತ್ರವಾಗಿಸಿದ ಬಳಿಕ ಓದುಗರಲ್ಲದವರಿಗೂ ಫಣಿಯಮ್ಮ ಪರಿಚಿತಳಾದಳು, ಎಲ್. ವಿ. ಶಾರದಾ ಆ ಪಾತ್ರವನ್ನು ವಹಿಸಿದ್ದರು. ಮನೆಯ ಬಾಣಂತಿಯರಿಗೆ ಮಾಡಿದ ಸೇವೆ ಮನೆಯ ಲೆಕ್ಕಕ್ಕೆ ಸೇರುತ್ತದೆ, ಆಕೆಯ ಸ್ಥಾನವನ್ನು ಭದ್ರಪಡಿಸುತ್ತದೆ. ಈ ಹೆರಿಗೆಯಿಂದ ಅಂಥ ಲಾಭವೇನೂ ಇಲ್ಲ. ತಿರುಗಿ, ಇಷ್ಟು ವರ್ಷ ಆಕೆಯನ್ನು ಮನೆಯಲ್ಲಿ ಕಾದುಕೊಂಡು ಬಂದ ಮಡಿಯನ್ನೇ ಇಲ್ಲಿ ಪಣಕ್ಕೆ ಒಡ್ಡಬೇಕಾಗುತ್ತದೆ. ಫಣಿಯಮ್ಮ ವಾದ ಮಾಡುವುದಿಲ್ಲ, ಶಾಸ್ತ್ರವನ್ನು ಖಂಡಿಸುವುದಿಲ್ಲ. ನೋವು ತಿನ್ನುತ್ತಿರುವ ಹೆಣ್ಣಿನ ಬಳಿಗೆ ಹೋಗುತ್ತಾಳೆ, ಮಗುವನ್ನು ಹೊರತೆಗೆಯುತ್ತಾಳೆ.