ಹೌದು ಎಂದು ಬರೆದವನಿಗೂ ಕೆಲಸವಿಲ್ಲ

ಹಳೆಯ ಪೊಲೀಸ್ ಕೇಸನ್ನು ಅರ್ಜಿಯಲ್ಲಿ ತಿಳಿಸಲಿಲ್ಲವೆಂದು ಯಾರನ್ನಾದರೂ ಕೆಲಸದಿಂದ ತೆಗೆದರೆ ನಮ್ಮಲ್ಲಿ ಹೆಚ್ಚಿನವರು ಸರಿ ಎನ್ನುತ್ತಾರೆ. 'ಕೇಸು ಬಿದ್ದದ್ದು ದೊಡ್ಡದಲ್ಲ, ಮುಚ್ಚಿಟ್ಟನಲ್ಲ, ಅದು ದೊಡ್ಡದು. ಸೇರುವಾಗಲೇ ಸುಳ್ಳು ಹೇಳಿದವನನ್ನು ನಂಬುವುದು ಹೇಗೆ?' ಕೇಳಲು ನ್ಯಾಯವೆನಿಸುವ ಈ ಮಾತು ಒಂದು ಸಂಗತಿಯನ್ನು ಮರೆಸುತ್ತದೆ. ನಿಜ ಬರೆದವನಿಗೂ ಕೆಲಸ ಸಿಗುವ ಭರವಸೆಯಿಲ್ಲ.

2016ರ ಜುಲೈನಲ್ಲಿ ಸುಪ್ರೀಂ ಕೋರ್ಟಿನ ತ್ರಿಸದಸ್ಯ ಪೀಠ ಇಂಥ ಪ್ರಕರಣಗಳಿಗೆಂದೇ ಮಾರ್ಗಸೂಚಿ ಕೊಟ್ಟಿತು. ಅದರಲ್ಲಿ ಉದಾರವಾದ ಮಾತುಗಳಿವೆ. ಹರೆಯದಲ್ಲಿ ಘೋಷಣೆ ಕೂಗಿದಂಥ ಸಣ್ಣ ಪ್ರಕರಣ ಮುಚ್ಚಿಟ್ಟಿದ್ದರೆ ಮನ್ನಿಸಬಹುದು, ಫಾರಂನ ಪ್ರಶ್ನೆ ಸ್ಪಷ್ಟವಾಗಿರಬೇಕು, ಕಾಯಂ ಆದ ನೌಕರನನ್ನು ಇಲಾಖಾ ವಿಚಾರಣೆಯಿಲ್ಲದೆ ತೆಗೆಯಬಾರದು. ಅದೇ ಪಟ್ಟಿಯಲ್ಲಿ ಇನ್ನೊಂದು ಮಾತೂ ಇದೆ: ಮುಗಿದುಹೋದ ಕೇಸನ್ನು ಪ್ರಾಮಾಣಿಕವಾಗಿ ತಿಳಿಸಿದರೂ ಅವನನ್ನು ನೇಮಿಸಲೇಬೇಕೆಂದು ಒತ್ತಾಯಿಸುವಂತಿಲ್ಲ. ಹೌದು ಎಂದರೆ ಬಾಗಿಲು ಮುಚ್ಚಬಹುದು, ಇಲ್ಲ ಎಂದರೆ ಒಳಗೆ ಬಂದಮೇಲೆ ಹೊರಹಾಕಬಹುದು. ಎರಡೂ ಉತ್ತರಕ್ಕೆ ಶಿಕ್ಷೆ ಇಟ್ಟುಕೊಂಡು ಪ್ರಾಮಾಣಿಕತೆಯನ್ನು ಅಳೆಯುತ್ತಿದ್ದೇವೆ ಎನ್ನುವುದು ಸರಿಯಲ್ಲ.

ನಮ್ಮ ಹಳ್ಳಿಗಳಲ್ಲಿ ಕೇಸು ಹೇಗೆ ಬೀಳುತ್ತದೆ ಎಂಬುದನ್ನು ಯೋಚಿಸಿ. ಬದುವಿನ ಮೇಲೆ ಎರಡು ಮನೆಯವರು ಜಗಳವಾಡುತ್ತಾರೆ. ದೂರು ಕೊಡುವವರು ಎದುರು ಮನೆಯ ಗಂಡಸರ ಹೆಸರನ್ನೆಲ್ಲ ಬರೆಸುತ್ತಾರೆ. ಕಾನ್‌ಸ್ಟೆಬಲ್ ಪರೀಕ್ಷೆಗೆ ಓದುತ್ತಿರುವ ಹುಡುಗನ ಹೆಸರು ಬಿಡುವುದಿಲ್ಲ, ಅವನ ನೌಕರಿ ಕೆಡಲಿ ಎಂದೇ ಸೇರಿಸುವವರಿದ್ದಾರೆ. ಅವರ ಮೇಲೆ ಇವರದೊಂದು ಕೌಂಟರ್ ಕೇಸು. ಎರಡೂ ಎಫ್‌ಐಆರ್‌ಗಳಲ್ಲಿ ಹಳೆಯ ದಂಡ ಸಂಹಿತೆಯ ಅದೇ 323, 324, 504, 506, ಜೊತೆಗೆ 34. ಕೆಲವು ವರ್ಷ ಕೋರ್ಟಿಗೆ ಅಲೆದ ಮೇಲೆ ಊರ ಹಿರಿಯರು ಕೂರಿಸಿ ರಾಜಿ ಮಾಡಿಸುತ್ತಾರೆ, ಸಾಕ್ಷಿಗಳು ಏನೂ ಕಂಡಿಲ್ಲ ಎನ್ನುತ್ತಾರೆ, ಖುಲಾಸೆಯಾಗುತ್ತದೆ. 'ಕೇಸು ಮುಗೀತು, ಹೋಗಪ್ಪ' ಎಂದು ವಕೀಲರು ಕಳಿಸುತ್ತಾರೆ. ಆಮೇಲೆ ಅದೇ ಹುಡುಗನ ಕೈಗೆ ಫಾರಂ ಬರುತ್ತದೆ. ಎಂದಾದರೂ ಬಂಧಿತರಾಗಿದ್ದಿರಾ? ಮೊಕದ್ದಮೆ ಹೂಡಲಾಗಿತ್ತೇ? ಈಗ ಕೇಸು ಬಾಕಿ ಇದೆಯೇ? ಮೇಲ್ಗಡೆ, ಸಂಗತಿ ಮುಚ್ಚಿಟ್ಟರೆ ಅನರ್ಹತೆ ಎಂಬ ಎಚ್ಚರಿಕೆ. ಠಾಣೆಯಲ್ಲೇ ಜಾಮೀನು ಪಡೆದು ಮನೆಗೆ ಬಂದವನು ತಾನು ಬಂಧಿತನಾಗಿದ್ದೆ ಎಂದು ಬರೆಯಬೇಕೋ ಬೇಡವೋ? ಖುಲಾಸೆಯಾದದ್ದನ್ನು ಹೇಳಬೇಕೋ ಬೇಡವೋ? ಕೇಳೋಣವೆಂದರೆ ಅವನ ಪಕ್ಕದಲ್ಲಿರುವುದು ಸೈಬರ್ ಸೆಂಟರಿನವನು.

ಫಾರಂ ಇಂಗ್ಲಿಷಿನಲ್ಲಿದ್ದರೆ ಕಷ್ಟ ಇನ್ನೂ ಹೆಚ್ಚು. ಕೇಂದ್ರೀಯ ವಿದ್ಯಾಲಯದ ದೈಹಿಕ ಶಿಕ್ಷಕರೊಬ್ಬರು, ತಾವು ಹಿಂದಿ ಮಾಧ್ಯಮದವರು, ಆ ಕಾಲಂ ಸರಿಯಾಗಿ ತಿಳಿಯಲಿಲ್ಲ ಎಂದು ವಾದಿಸಿದರು. ಅವರ ಮೇಲಿನ ಕೇಸನ್ನು ಸರ್ಕಾರವೇ ಆಮೇಲೆ ಹಿಂತೆಗೆದುಕೊಂಡಿತ್ತು. 2003ರಲ್ಲಿ ಸುಪ್ರೀಂ ಕೋರ್ಟು ಎರಡನ್ನೂ ಒಪ್ಪಲಿಲ್ಲ, ಕೆಲಸ ಹೋಯಿತು. ಕನ್ನಡ ಮಾಧ್ಯಮದಲ್ಲಿ ಓದಿ ಕೇಂದ್ರದ ನೌಕರಿಗೆ ಸೇರುವ ನಮ್ಮ ಮಕ್ಕಳಿಗೂ ಇದೇ ಗತಿ. ಆದರೆ 2011ರಲ್ಲಿ ದೆಹಲಿ ಪೊಲೀಸ್ ಅಭ್ಯರ್ಥಿಯೊಬ್ಬರ ವಿಷಯದಲ್ಲಿ ಅದೇ ಕೋರ್ಟು, ಎಳೆಯರ ಸಣ್ಣ ತಪ್ಪನ್ನು ಮನ್ನಿಸಬೇಕೇ ಹೊರತು ಜೀವನಪೂರ್ತಿ ಅಪರಾಧಿಯೆಂಬ ಹಣೆಪಟ್ಟಿ ಹಚ್ಚಬಾರದು ಎಂದಿತು. ನನಗೆ ಸರಿಯೆನಿಸುವುದು ಈ ತೀರ್ಪು.

ಚುನಾವಣೆಗೆ ನಿಲ್ಲುವವರು ತಮ್ಮ ಮೇಲಿನ ಕೇಸುಗಳನ್ನು ಪ್ರಮಾಣಪತ್ರದಲ್ಲಿ ಬರೆದು ಸ್ಪರ್ಧಿಸುತ್ತಾರೆ, ಗೆದ್ದು ಮಂತ್ರಿಯೂ ಆಗುತ್ತಾರೆ. ಶಿಕ್ಷೆಯಾಗುವವರೆಗೆ ಕಾನೂನು ಅವರನ್ನು ತಡೆಯುವುದಿಲ್ಲ. ಆರೋಪಿ ಬೇರೆ, ಅಪರಾಧಿ ಬೇರೆ ಎಂಬ ತತ್ವ ಅಲ್ಲಿ ಸಲ್ಲುವುದಾದರೆ ಜವಾನನಿಗೂ ಸಲ್ಲಬೇಕು.

ಎಲ್ಲವನ್ನೂ ಮನ್ನಿಸಿ ಎನ್ನುತ್ತಿಲ್ಲ. ಮಗುವಿನ ಮೇಲೆ ದೌರ್ಜನ್ಯದ ಆರೋಪ ಹೊತ್ತವನನ್ನು ಶಾಲೆಗೆ, ವಂಚನೆ ಕೇಸಿರುವವನನ್ನು ಖಜಾನೆಗೆ ವಿಚಾರಿಸದೆ ಸೇರಿಸಿಕೊಳ್ಳಬಾರದು. ಆದರೆ ಅಲ್ಲಿ ಅಡ್ಡಿಯಾಗುವುದು ಆರೋಪಕ್ಕೂ ಆ ಕೆಲಸಕ್ಕೂ ಇರುವ ಸಂಬಂಧ. ಮುಚ್ಚಿಟ್ಟದ್ದೊಂದೇ ಕಾರಣವೆಂದು ತೆಗೆದುಹಾಕುವ ಅಧಿಕಾರಿಗೆ ಆ ಸಂಬಂಧವನ್ನು ತೂಗುವ ಶ್ರಮವೇ ಬೇಕಿಲ್ಲ. ಖಾಸಗಿ ಕಂಪನಿಗಳಲ್ಲಂತೂ ಹಿನ್ನೆಲೆ ಪರಿಶೀಲನೆಯ ವರದಿಯಲ್ಲಿ ಹೆಸರು ಕಂಡರೆ ಸಾಕು, ಸಮಜಾಯಿಷಿ ಕೇಳುವವರಿಲ್ಲ.

ಫಾರಂ ಕನ್ನಡದಲ್ಲಿರಲಿ. ಶಿಕ್ಷೆಯಾದ ಪ್ರಕರಣ ಮತ್ತು ದೋಷಾರೋಪ ಪಟ್ಟಿ ಸಲ್ಲಿಕೆಯಾದ ಗಂಭೀರ ಪ್ರಕರಣ, ಇವೆರಡನ್ನು ಮಾತ್ರ ಕೇಳಲಿ. ಹೌದು ಎಂದವನಿಗೆ ಕೆಲಸ ಕೊಡದಿದ್ದರೆ ಕಾರಣವನ್ನು ಬರೆದು ಕೊಡಲಿ. ವಜಾ ಆದೇಶಕ್ಕೆ ಸಹಿ ಹಾಕುವ ಅಧಿಕಾರಿಗಳಲ್ಲಿ ನನ್ನ ಕೋರಿಕೆ ಇಷ್ಟೇ: ಪೆನ್ನು ಎತ್ತುವ ಮೊದಲು ಆ ಎಫ್‌ಐಆರ್ ಮತ್ತು ಅದರ ತೀರ್ಪು, ಎರಡನ್ನೂ ತರಿಸಿ ಓದಿ.